ರಾಗಿಯ ವಂಶಲಿಪಿಯೂ ಊರಿನ ಬಿತ್ತನೆಯ ಬೀಜವೂ

ಬೆಂಗಳೂರು ಕೃಷಿ ವಿಶ್ವವಿದ್ಯಾನಿಲಯದ ವಿದ್ವಾಂಸರು ರಾಗಿಯ ವಂಶಲಿಪಿಯನ್ನು, ಎಂದರೆ ಶಾಸ್ತ್ರಜ್ಞರು ಜೀನೋಮ್ ಎಂದು ಕರೆಯತಕ್ಕ ಸಮಗ್ರ ಲಿಪಿಯನ್ನು, 2017ನೆಯ ಇಸವಿಯಲ್ಲಿ ಓದಿ ಪ್ರಕಟಿಸಿದರು. ಅಲ್ಲಿಂದೀಚೆಗೆ ಈ ವಿಷಯವಾಗಿ ಬೇಸಾಯಗಾರರಲ್ಲಿ ಎರಡು ಬಗೆಯ ಮಾತುಗಳು ಕೇಳಿಬರುತ್ತಿರುವುವು. ಇನ್ನು ಮೇಲೆ ಎಕರೆಗೆ ಇಮ್ಮಡಿ ಮುಮ್ಮಡಿ ಫಸಲು ಬರುವುದೆಂದೂ, ಹಳೆಯ ಬೀಜಗಳನ್ನು ಕಟ್ಟಿಟ್ಟುಕೊಳ್ಳುವುದು ವ್ಯರ್ಥ ಶ್ರಮವೆಂದೂ ಕೆಲವರು ಹೇಳುವರು. ಇದೆಲ್ಲ ಪಂಡಿತರ ಬುದ್ಧಿವಿಲಾಸವೇ ಹೊರತು ಮಳೆಯನ್ನು ನಂಬಿದ ಹೊಲಕ್ಕೆ ಇದರಿಂದ ಹಿಡಿ ಗೊಬ್ಬರದಷ್ಟೂ ಉಪಯೋಗವಿಲ್ಲವೆಂದು ಮತ್ತೆ ಕೆಲವರು ಹೇಳುವರು. ಈ ಎರಡು ಮಾತುಗಳೂ ತಪ್ಪು. ಮೊದಲನೆಯದು ಹೆಚ್ಚು ಅಪಾಯಕರವಾದ ತಪ್ಪು. ಏಕೆಂದರೆ ಅದನ್ನು ನಂಬಿದ ಊರು ತನ್ನ ಕೈಯಲ್ಲಿರುವ ಬೀಜವನ್ನು ಒಂದೆರಡು ವರ್ಷಗಳಲ್ಲಿಯೇ ಕಳೆದುಕೊಳ್ಳುವುದು. ಕಳೆದುಹೋದ ಬೀಜವನ್ನು ಯಾವ ಪ್ರಯೋಗಶಾಲೆಯೂ ಮರಳಿ ತಂದುಕೊಡಲಾರದು.

ವಂಶಲಿಪಿಯೆಂದರೇನೆಂಬುದನ್ನು ಮೊದಲು ತಿಳಿಯಬೇಕು. ಪ್ರತಿಯೊಂದು ಸಸ್ಯದ ಪ್ರತಿಯೊಂದು ಜೀವಕೋಶದೊಳಗೂ ವರ್ಣತಂತುಗಳೆಂಬ ಸೂಕ್ಷ್ಮವಾದ ಎಳೆಗಳಿರುವುವು. ಇವುಗಳಲ್ಲಿ ಡಿ.ಎನ್.ಎ. ಎಂಬ ವಸ್ತುವು ನಾಲ್ಕೇ ಅಕ್ಷರಗಳಿಂದ ಬರೆದ ಅತಿ ದೀರ್ಘವಾದ ಬರಹದಂತೆ ಸುತ್ತಿಕೊಂಡಿರುವುದು. ತೆನೆ ಮುದುರಿಕೊಂಡಿರಬೇಕೇ ಬಿಡಿಸಿಕೊಂಡಿರಬೇಕೇ, ಪೈರು ನೂರು ದಿವಸಕ್ಕೆ ಬಲಿಯಬೇಕೇ ನೂರಿಪ್ಪತ್ತಕ್ಕೆ ಬಲಿಯಬೇಕೇ, ಬೆಂಕಿರೋಗವು ಬಂದಾಗ ಕುತ್ತಿಗೆ ಮುರಿಯಬೇಕೇ ನಿಲ್ಲಬೇಕೇ ಎಂಬುದೆಲ್ಲ ಬಹುಮಟ್ಟಿಗೆ ಈ ಬರಹದಲ್ಲಿಯೇ ಅಡಗಿರುವುದು. ಬಹುಮಟ್ಟಿಗೆ ಎಂದು ಹೇಳಲು ಕಾರಣವುಂಟು: ಉಳಿದುದು ಮಣ್ಣು, ಮಳೆ, ಗೊಬ್ಬರ ಮತ್ತು ಬೇಸಾಯಗಾರನ ಕೈಗೆ ಸೇರಿದುದು. ಬರಹದಲ್ಲಿ ಒಂದೊಂದು ಗುಣವನ್ನು ವಿಧಿಸುವ ವಾಕ್ಯಕ್ಕೆ ವಂಶವಾಹಿ ಅಥವಾ ಜೀನು ಎಂದು ಹೆಸರು.

ಈ ಬರಹವನ್ನು ಕೊನೆಯವರೆಗೆ ಓದಿದ ಮೊದಲನೆಯ ಧಾನ್ಯವು ಭತ್ತ. ಭಾರತವೂ ಸೇರಿ ಹತ್ತು ದೇಶಗಳವರು ಹನ್ನೆರಡು ವರ್ಣತಂತುಗಳನ್ನು ಹಂಚಿಕೊಂಡು ಓದಿ 2005ರಲ್ಲಿ ಅದನ್ನು ಪ್ರಕಟಿಸಿದರು. ಹನ್ನೊಂದನೆಯದರ ಒಂದು ಭಾಗವು ನಮ್ಮ ದೇಶದವರ ಪಾಲಿಗೆ ಬಂದಿದ್ದಿತು. ಭತ್ತದ ಬರಹದಲ್ಲಿ ಸುಮಾರು 39 ಕೋಟಿ ಅಕ್ಷರಗಳು. 2009ರಲ್ಲಿ ಜೋಳವೂ ಮುಸುಕಿನ ಜೋಳವೂ, 2017ರಲ್ಲಿ ಸಜ್ಜೆಯೂ ಮುಗಿದವು. ಗೋಧಿಯದು ಸುಮಾರು 1,600 ಕೋಟಿ ಅಕ್ಷರಗಳ ಮಹಾಗ್ರಂಥವಾದುದರಿಂದ ಅದು 2018ರವರೆಗೆ ಕಾಯಬೇಕಾಯಿತು. ರಾಗಿಯದು ಸುಮಾರು 120 ಕೋಟಿ.

ರಾಗಿಯ ವಿಷಯದಲ್ಲಿ ಒಂದು ತೊಡಕುಂಟು. ಅದರಲ್ಲಿರುವ ಹದಿನೆಂಟು ಜೊತೆ ವರ್ಣತಂತುಗಳು ಒಂದೇ ಮನೆತನದವುಗಳಲ್ಲ. ಬಹು ಹಿಂದಿನ ಕಾಲದಲ್ಲಿ ಪೂರ್ವ ಆಫ್ರಿಕದ ಎತ್ತರದ ಪ್ರದೇಶಗಳಲ್ಲಿ ಎರಡು ಬೇರೆ ಬೇರೆ ಹುಲ್ಲುಗಳ ಸಂಕರದಿಂದ ರಾಗಿಯ ಮೂಲವು ಹುಟ್ಟಿತು. ಅವುಗಳಲ್ಲಿ ಒಂದರ ಸಂತತಿಯು ಈಗಲೂ ಹೊಲದ ಬದುಗಳಲ್ಲಿ ರಾಗಿಯ ಮರಿಯಂತೆ ಕಾಣುವ ಕಳೆಯಾಗಿ ಬೆಳೆಯುವುದು. ಕಳೆ ಕೀಳುವ ಹೆಂಗಸರು ಅದನ್ನು ಚೆನ್ನಾಗಿ ಬಲ್ಲರು. ಹೀಗೆ ಹೋಲಿಕೆಯುಳ್ಳ ಎರಡು ಪ್ರತಿಗಳು ಒಂದೇ ಕಟ್ಟಿನಲ್ಲಿ ಬೆರೆತಿರುವುದರಿಂದ ಓದುವವರು ಪದೇ ಪದೇ ದಾರಿ ತಪ್ಪುವರು. ಬೆಂಗಳೂರಿನವರು ಎಂ.ಎಲ್. 365 ಎಂಬ ತಳಿಯನ್ನು ಓದಿ 85,243 ವಂಶವಾಹಿಗಳನ್ನು ಎಣಿಸಿದರು. ಮರುವರ್ಷ ಪಿ.ಆರ್. 202 ಎಂಬ ತಳಿಯನ್ನು ಓದಿದ ಜೂರಿಚ್ ನಗರದ ಪಂಡಿತರೂ ಅವರ ಸಂಗಡಿಗರೂ 62,348 ಎಂದು ಎಣಿಸಿದರು. 2023ರಲ್ಲಿ ಆಫ್ರಿಕದ ಒಂದು ತಳಿಯನ್ನು ಓದಿದವರು ಮಾತ್ರ ವರ್ಣತಂತುಗಳನ್ನು ಒಂದೊಂದಾಗಿ ತುದಿಯಿಂದ ತುದಿಗೆ ಬಿಡಿಸಿ ಜೋಡಿಸಿದರು. ಈ ಅಂತರವನ್ನು ನೋಡಿ ಶಾಸ್ತ್ರವನ್ನು ಹಾಸ್ಯ ಮಾಡಬೇಕಾದುದಿಲ್ಲ. ಹಳೆಯ ಕಡತವನ್ನು ಮೊದಲ ಸಲ ಓದುವ ಶಾನುಭೋಗನು ಒಂದು ಸರ್ವೆ ನಂಬರನ್ನು ಎರಡಾಗಿ ಎಣಿಸಿದರೆ ಜಮೀನೇನೂ ಹೆಚ್ಚುವುದಿಲ್ಲ. ಮರಳಿ ಓದಿದಾಗ ಲೆಕ್ಕವು ಸರಿಹೋಗುವುದು. ಆದರೆ ಓದಿಯಾಯಿತೆಂಬ ಸುದ್ದಿಗೂ ಹೊಲದಲ್ಲಿ ಫಸಲು ಬಂದುದಕ್ಕೂ ನಡುವೆ ಬಹಳ ದೂರವಿದೆಯೆಂಬುದನ್ನು ಭೂಮಾಲೀಕರು ಮನಸ್ಸಿನಲ್ಲಿಟ್ಟುಕೊಳ್ಳಬೇಕು.

ಎಂ.ಎಲ್. 365 ಎಂಬ ಈ ತಳಿಯಾದರೂ ಎಲ್ಲಿಂದ ಬಂದಿತು? ಅದನ್ನು ವಿಚಾರಿಸಿದರೆ ಲಿಪಿಯನ್ನು ಓದಿದವರಿಗಿಂತ ಮೊದಲು ಅದನ್ನು ಬರೆದವರ ಚರಿತ್ರೆಯು ತೆರೆದುಕೊಳ್ಳುವುದು. 1908ರಲ್ಲಿ ಮೈಸೂರು ಸಂಸ್ಥಾನಕ್ಕೆ ಬಂದು ಅನಂತರ ವ್ಯವಸಾಯ ಇಲಾಖೆಯ ನಿರ್ದೇಶಕರಾದ ಲೆಸ್ಲಿ ಕೋಲ್ಮನ್ ಸಾಹೇಬರ ಕಾಲದಲ್ಲಿ ಹೆಬ್ಬಾಳದ ಕ್ಷೇತ್ರದಲ್ಲಿ ರಾಗಿಯ ಸುಧಾರಣೆಯು ಕ್ರಮವಾಗಿ ಮೊದಲಾಯಿತು. ಆಗಿನ ವಿಧಾನವು ಸರಳವಾದುದು. ಹಳ್ಳಿಗಳಲ್ಲಿ ಬಿತ್ತುತ್ತಿದ್ದ ರಾಗಿಯಲ್ಲಿ ಹಲವು ಬಗೆಗಳು ಬೆರೆತಿರುತ್ತಿದ್ದುವು. ಅವುಗಳಲ್ಲಿ ಒಳ್ಳೆಯ ತೆನೆಗಳನ್ನು ಆರಿಸಿ, ಒಂದೊಂದರ ಸಂತತಿಯನ್ನೂ ಬೇರೆ ಬೇರೆ ಸಾಲುಗಳಲ್ಲಿ ಬಿತ್ತಿ, ಮೇಲಾದುದನ್ನು ಉಳಿಸಿಕೊಳ್ಳುವುದು. ಹೆಬ್ಬಾಳದ ಎಚ್. 22 ಎಂಬ ತಳಿಯು ಹೀಗೆಯೇ ಹುಟ್ಟಿತು. ಅದರ ಮೂಲವು ಯಾವುದೋ ಒಬ್ಬ ರೈತನ ಹೊಲವೇ ಸರಿ.

ಆರಿಸುವುದರಿಂದ ದೊರೆಯಬಹುದಾದ ಲಾಭಕ್ಕೆ ಒಂದು ಮಿತಿಯುಂಟು. ಇಲ್ಲದ ಗುಣವನ್ನು ತರಬೇಕಾದರೆ ಸಂಕರವಾಗಬೇಕು. ರಾಗಿಯ ಹೂವಾದರೋ ಬರಿಗಣ್ಣಿಗೆ ಸರಿಯಾಗಿ ಕಾಣದಷ್ಟು ಚಿಕ್ಕದು. ಅದು ಅರಳುವಷ್ಟರಲ್ಲಿಯೇ ತನ್ನ ಪರಾಗವನ್ನು ತಾನೇ ಹೊಂದಿಬಿಡುವುದು. ತೆನೆಯನ್ನು ಹದವಾದ ಬಿಸಿನೀರಿನಲ್ಲಿ ಅದ್ದಿ ಅದರ ಪರಾಗವನ್ನು ಕೆಡಿಸಬೇಕು, ಇಲ್ಲವೆ ಎರಡು ತೆನೆಗಳನ್ನು ಒತ್ತಾಗಿ ಕಟ್ಟಿ ನೂರರಲ್ಲಿ ಎಲ್ಲೋ ಒಂದೆರಡು ಕಾಳುಗಳು ಸಂಕರವಾಗುವುದನ್ನು ಕಾಯಬೇಕು. ಮಂಡ್ಯದ ವಿ.ಸಿ. ಫಾರಂನಲ್ಲಿ ಲಕ್ಷ್ಮಣಯ್ಯನವರು ಈ ಕೆಲಸವನ್ನು ವ್ರತದಂತೆ ನಡೆಸಿದರು. ಅರುಣ, ಪೂರ್ಣ, ಅನ್ನಪೂರ್ಣ, ಕಾವೇರಿ, ಶಕ್ತಿ ಎಂಬ ತಳಿಗಳಾದ ಮೇಲೆ ಅವರು 1960ರ ದಶಕದಲ್ಲಿ ಆಫ್ರಿಕದಿಂದ ತರಿಸಿದ ರಾಗಿಯನ್ನು ನಾಡಿನ ರಾಗಿಯೊಡನೆ ಕೂಡಿಸಿದರು. ಇಂಡಾಫ್ ಎಂಬ ಹೆಸರಿನ ತಳಿಗಳು ಹೀಗೆ ಬಂದುವು. ಇಂಡಿಯ ಮತ್ತು ಆಫ್ರಿಕ ಎಂಬೆರಡು ಹೆಸರುಗಳೂ ಆ ಒಂದು ಶಬ್ದದಲ್ಲಿ ಅಡಗಿರುವುವು. ಸಾವಿರಾರು ವರ್ಷಗಳ ಹಿಂದೆ ತೌರನ್ನು ಬಿಟ್ಟು ಬಂದ ರಾಗಿಗೆ ತೌರಿನ ಸಂಬಂಧವು ಮತ್ತೆ ಕೂಡಿಬಂದುದರಿಂದ ತೆನೆ ತೂಗಿತು. ಮುದ್ದೆಯುಣ್ಣುವ ಸೀಮೆಯವರೆಲ್ಲರೂ ಅವರನ್ನು ರಾಗಿ ಲಕ್ಷ್ಮಣಯ್ಯನವರೆಂದೇ ಕರೆಯುವರು. ಯಾವ ಬಿರುದಿಗೂ ಇದಕ್ಕಿಂತ ಹೆಚ್ಚಿನ ಗೌರವವಿಲ್ಲ.

ಇಂಡಾಫ್ ತಳಿಗಳಿಗೆ ಬೆಂಕಿರೋಗವು ಶತ್ರುವಾಯಿತು. ಆಗ ಸಂಗ್ರಹದಲ್ಲಿದ್ದ ಐ.ಇ. 1012 ಎಂಬ ಮೂಲದ ರೋಗನಿರೋಧಕ ಗುಣವನ್ನು ಇಂಡಾಫ್ ತಳಿಗಳೊಡನೆ ಕೂಡಿಸಿ 1996ರಲ್ಲಿ ಜಿ.ಪಿ.ಯು. 28 ಎಂಬುದನ್ನು ಬಿಡುಗಡೆ ಮಾಡಿದರು. ಅದೇ ಐ.ಇ. 1012ಕ್ಕೂ ಇಂಡಾಫ್ 5ಕ್ಕೂ ಹುಟ್ಟಿದುದು 2008ರಲ್ಲಿ ಹೊರಬಂದ ಎಂ.ಎಲ್. 365. ಎಂದರೆ, 2017ರಲ್ಲಿ ಓದಿದ ಬರಹದಲ್ಲಿ ಹೆಸರಿಲ್ಲದ ಆಫ್ರಿಕದ ಹೊಲಗಾರನ ಕೈಬರಹವೂ, ಮೈಸೂರು ಸೀಮೆಯ ರೈತನ ಕೈಬರಹವೂ, ಮಂಡ್ಯದ ಕ್ಷೇತ್ರದ ಕೈಬರಹವೂ ಸೇರಿವೆ.

ಇಷ್ಟು ಕಾಲ ಕಣ್ಣಿನಿಂದ ಮಾಡುತ್ತಿದ್ದ ಕೆಲಸಕ್ಕೆ ಲಿಪಿಯನ್ನು ಓದುವುದರಿಂದ ಬಂದ ಅನುಕೂಲವೇನು? ದನಗಳ ಜಾತ್ರೆಯಲ್ಲಿ ಹೋರಿಯನ್ನು ಕೊಳ್ಳುವ ಯಜಮಾನನು ಹಲ್ಲನ್ನು ನೋಡುವನು, ಸುಳಿಯನ್ನು ನೋಡುವನು. ಸುಳಿಗೂ ಗುಣಕ್ಕೂ ಸಂಬಂಧವಿದೆಯೋ ಇಲ್ಲವೋ ಎಂಬ ಚರ್ಚೆಯು ಇಲ್ಲಿ ಬೇಡ. ಆದರೆ ಪೈರಿನ ವಂಶಲಿಪಿಯಲ್ಲಿಯೂ ಅಂತಹ ಗುರುತುಗಳುಂಟು. ಅವು ಗುಣವನ್ನು ವಿಧಿಸುವ ವಂಶವಾಹಿಯ ಮಗ್ಗುಲಲ್ಲಿಯೇ ಇದ್ದು, ಅದರೊಡನೆಯೇ ಸಂತತಿಗೆ ಇಳಿಯುವುದರಿಂದ ಸುಳ್ಳಾಡುವುದು ಅಪರೂಪ. ಸಸಿಯು ಗೇಣುದ್ದವಿರುವಾಗಲೇ ಎಲೆಯ ಚೂರೊಂದನ್ನು ಕಿತ್ತು ನೋಡಿದರೆ, ಬೇಕಾದ ಗುಣವು ಅದರಲ್ಲಿ ಬಂದಿರುವುದೋ ಇಲ್ಲವೋ ತಿಳಿಯುವುದು. ರೋಗವು ಬೀಳುವ ವರ್ಷವನ್ನೋ, ನೆರೆ ಬರುವ ವರ್ಷವನ್ನೋ ಕಾದು ಪರೀಕ್ಷಿಸಬೇಕಾದುದಿಲ್ಲ. ಹತ್ತು ಹನ್ನೆರಡು ವರ್ಷಗಳ ಕೆಲಸವು ಅರ್ಧಕ್ಕೆ ಇಳಿಯಬಹುದು. ಇದರ ಲಾಭವು ಕಾಲದಲ್ಲಿಯೂ ನಿಖರತೆಯಲ್ಲಿಯೂ ಇರುವುದು. ಇಲ್ಲದ ಗುಣವನ್ನು ಸೃಷ್ಟಿಸುವುದರಲ್ಲಿಲ್ಲ.

ಇದಕ್ಕೆ ಒಡಿಶಾದ ಭತ್ತದ ಕಥೆಗಿಂತ ಒಳ್ಳೆಯ ನಿದರ್ಶನವು ಸಿಕ್ಕುವುದು ಕಷ್ಟ. ನೆರೆಯ ನೀರು ಗದ್ದೆಯನ್ನು ಮುಚ್ಚಿದಾಗ ಸಾಧಾರಣವಾದ ಭತ್ತವು ಉಸಿರಾಡುವುದಕ್ಕಾಗಿ ಎತ್ತರಕ್ಕೆ ಬೆಳೆಯಲೆಳಸಿ, ತನ್ನಲ್ಲಿದ್ದ ಆಹಾರವನ್ನೆಲ್ಲ ವ್ಯಯ ಮಾಡಿಕೊಂಡು, ನಾಲ್ಕಾರು ದಿವಸಗಳಲ್ಲಿ ಸೊರಗಿ ಸಾಯುವುದು. ಒಡಿಶಾದ ತಗ್ಗು ಸೀಮೆಯ ರೈತರು ಬಿತ್ತುತ್ತಿದ್ದ ಧಳಪುಟಿಯ ಎಂಬ ನಾಡತಳಿಯು ಹಾಗೆ ಮಾಡುವುದಿಲ್ಲ. ನೀರಿನಲ್ಲಿ ಮುಳುಗಿದೊಡನೆಯೇ ಅದು ಬೆಳೆಯುವುದನ್ನು ನಿಲ್ಲಿಸಿ, ಇದ್ದುದನ್ನು ಉಳಿಸಿಕೊಂಡು, ನೀರು ಇಳಿದ ಮೇಲೆ ಚಿಗುರುವುದು. ಬರಗಾಲದಲ್ಲಿ ಕಣಜದ ಬಾಯನ್ನು ಬಿಗಿಹಿಡಿಯುವ ಗೃಹಿಣಿಯಂತೆ. ಕಟಕದಲ್ಲಿ ಅದನ್ನು ಶುದ್ಧೀಕರಿಸಿ ಎಫ್.ಆರ್. 13ಎ ಎಂದು ಹೆಸರಿಟ್ಟರು. ಫಸಲು ಕಡಿಮೆ, ಅಕ್ಕಿಯೂ ಒರಟು. ಆದುದರಿಂದ ವರ್ತಕರು ಅದನ್ನು ಕೇಳುವವರಲ್ಲ. ಇಮ್ಮಡಿ ಫಸಲಿನ ಆಸೆಗೆ ಆ ರೈತರು ಅದನ್ನು ಬಿಟ್ಟುಬಿಟ್ಟಿದ್ದರೆ ಯಾರೂ ಅವರನ್ನು ದೂಷಿಸುತ್ತಿರಲಿಲ್ಲ.

ಈ ಗುಣಕ್ಕೆ ಕಾರಣವಾದ ಸಬ್ 1ಎ ಎಂಬ ವಂಶವಾಹಿಯನ್ನು 2006ರಲ್ಲಿ ಪತ್ತೆಹಚ್ಚಿದರು. ಪೂರ್ವ ಭಾರತದಲ್ಲಿ ಬಹು ಪ್ರೀತಿಯಿಂದ ಬೆಳೆಯುವ ಸ್ವರ್ಣ ಎಂಬ ಭತ್ತಕ್ಕೆ ಇದನ್ನು ಸಂಕರದಿಂದ ಸೇರಿಸಿ, ಸಂತತಿಯನ್ನು ಮತ್ತೆ ಮತ್ತೆ ಸ್ವರ್ಣದೊಡನೆಯೇ ಕೂಡಿಸಿ, ಪ್ರತಿ ತಲೆಮಾರಿನಲ್ಲಿಯೂ ಲಿಪಿಯ ಗುರುತನ್ನು ನೋಡಿ ಆರಿಸುತ್ತ ಬಂದರು. ಕೊನೆಗೆ ದೊರೆತುದು ಎಲ್ಲ ವಿಧದಲ್ಲಿಯೂ ಸ್ವರ್ಣವೇ; ಮುಳುಗಿದಾಗ ಮಾತ್ರ ಧಳಪುಟಿಯ. ಎರಡು ವಾರಗಳವರೆಗೆ ನೀರಿನಲ್ಲಿ ಮುಳುಗಿದ್ದರೂ ಬದುಕಬಲ್ಲ ಈ ಸ್ವರ್ಣ-ಸಬ್ 1 ತಳಿಯನ್ನು 2009ರಲ್ಲಿ ಭಾರತದಲ್ಲಿ ಬಿಡುಗಡೆ ಮಾಡಲಾಯಿತು. ಇದರಲ್ಲಿ ಹೊರಗಿನ ಯಾವ ಜೀವಿಯ ಅಂಶವೂ ಸೇರಿಲ್ಲ. ಹೊಲದಲ್ಲಿ ತೆನೆಗೆ ತೆನೆ ಸೋಕಿಸಿ ಮಾಡಿದ ಸಂಕರವೇ ಇದು.

ಇಂತಹ ಇನ್ನೆರಡು ಉದಾಹರಣೆಗಳನ್ನು ಬೇಗನೆ ಹೇಳಬಹುದು. ಹರಿಯಾಣದ ಎಚ್.ಎಚ್.ಬಿ. 67 ಎಂಬ ಸಜ್ಜೆಯು ಎರಡು ತಿಂಗಳಿಗೆ ಸ್ವಲ್ಪ ಹೆಚ್ಚು ಕಾಲದಲ್ಲಿಯೇ ಕೊಯ್ಲಿಗೆ ಬರತಕ್ಕದ್ದು. ತೆನೆಯನ್ನು ಎಲೆಗಳ ಕುಚ್ಚಾಗಿ ಮಾಡಿಬಿಡುವ ಬೂಜುರೋಗಕ್ಕೆ ಅದು ಸೋಲುವ ಸೂಚನೆಗಳು ಕಂಡುಬಂದುದರಿಂದ, ಲಿಪಿಯ ಗುರುತುಗಳ ನೆರವಿನಿಂದ ಅದರ ಮಾತಾಪಿತೃಗಳನ್ನು ತಿದ್ದಿ 2005ರಲ್ಲಿ ಸುಧಾರಿತ ರೂಪವನ್ನು ಕೊಟ್ಟರು. ತುಂಗಭದ್ರಾ ಅಚ್ಚುಕಟ್ಟಿನ ಗದ್ದೆಗಳಲ್ಲಿ ಬೆಳೆಯುವ ಸಾಂಬಾ ಮಸೂರಿಗೆ ದುಂಡಾಣು ಅಂಗಮಾರಿ ರೋಗವನ್ನು ತಡೆಯುವ ಮೂರು ವಂಶವಾಹಿಗಳನ್ನು ಒಟ್ಟಿಗೆ ಸೇರಿಸಿ ಹೈದರಾಬಾದಿನವರು 2008ರಲ್ಲಿ ಹೊರತಂದರು. ಆ ಮೂರರಲ್ಲಿ ಒಂದು ಬಂದುದು ಆಫ್ರಿಕದ ಮಾಲಿ ದೇಶದ ಕಾಡುಭತ್ತದಿಂದ.

ಈ ನಿದರ್ಶನಗಳಲ್ಲಿ ಎಲ್ಲ ಕಡೆಯೂ ಒಂದೇ ಸಂಗತಿಯು ಕಾಣುವುದು. ಓದುವ ಯಂತ್ರವು ದೊಡ್ಡ ನಗರದ್ದು. ಓದಿಸಿಕೊಂಡ ಗುಣವು ಹಿಂದುಳಿದ ಸೀಮೆಯ, ಪೇಟೆಗೆ ಬೇಡವಾದ ಬೀಜದ್ದು. ವಂಶಲಿಪಿಯ ಶಾಸ್ತ್ರವು ಬೆಳೆದಷ್ಟೂ ನಾಡತಳಿಗಳ ಬೆಲೆಯು ಹೆಚ್ಚುವುದೇ ಹೊರತು ಕುಗ್ಗುವುದಿಲ್ಲ. ಹೊಸ ಬೀಜವು ಬಂದಿತೆಂದು ಹಳೆಯದನ್ನು ಒಲೆಗೆ ಹಾಕುವ ಊರು ನಾಣ್ಯದ ಬೆಲೆಯು ಏರುತ್ತಿರುವಾಗ ಅದನ್ನು ಕರಗಿಸಿ ಗುಂಡು ಮಾಡುವವನಂತೆ ವರ್ತಿಸುವುದು.

ಇನ್ನು ಎದುರು ಪಕ್ಷದ ಮಾತು. ರಾಗಿಯ ಲಿಪಿಯನ್ನು ಓದಿ ಇಷ್ಟು ವರ್ಷಗಳಾದರೂ ಹೊಲಕ್ಕೆ ಬಂದುದೇನೆಂದು ಕೇಳುವವರ ಪ್ರಶ್ನೆಯು ಅನ್ಯಾಯವಾದುದಲ್ಲ. ಭತ್ತಕ್ಕೂ ಗೋಧಿಗೂ ಆದಷ್ಟು ಕೆಲಸವು ರಾಗಿಗೆ ಆಗಿಲ್ಲ. ಶ್ರೀಮಂತ ದೇಶಗಳು ರಾಗಿಯನ್ನು ಉಣ್ಣುವುದಿಲ್ಲ. ಬೀಜದ ಕಂಪೆನಿಗಳಿಗೂ ಅದರಲ್ಲಿ ಆಸಕ್ತಿ ಕಡಿಮೆ, ಏಕೆಂದರೆ ಒಮ್ಮೆ ಕೊಂಡ ರಾಗಿಯ ಬೀಜವನ್ನು ರೈತನು ವರ್ಷ ವರ್ಷವೂ ತಾನೇ ಎತ್ತಿಟ್ಟುಕೊಳ್ಳಬಹುದು. ಅಲ್ಲದೆ ಮುಳುಗಡೆಯನ್ನು ತಾಳುವಂತಹ ಗುಣಗಳು ಒಂದೇ ವಂಶವಾಹಿಯ ಮಾತಿಗೆ ಕಟ್ಟುಬಿದ್ದವು. ಫಸಲಿನ ತೂಕವೂ ಬರವನ್ನು ತಾಳುವ ಶಕ್ತಿಯೂ ಹಾಗಲ್ಲ. ನೂರಾರು ವಂಶವಾಹಿಗಳು ಒಂದೊಂದು ಹಿಡಿ ಮಣ್ಣು ಹಾಕಿ ಕಟ್ಟಿದ ಕೆರೆಯ ಏರಿಯಂತೆ ಅವು. ಯಾವ ಹಿಡಿಯನ್ನು ಯಾರು ಹಾಕಿದರೆಂದು ಲೆಕ್ಕ ಹಿಡಿಯುವುದು ಬಹು ಕಷ್ಟ. ಇಮ್ಮಡಿ ಫಸಲನ್ನು ನಂಬಿಸುವವರಿಗೆ ಇದೊಂದು ಉತ್ತರವೇ ಸಾಕು.

ಒಂದೇ ವಂಶವಾಹಿಯ ರಕ್ಷಣೆಯೂ ಶಾಶ್ವತವಲ್ಲ. ರೋಗದ ಬೂಜಿಗೂ ವಂಶಲಿಪಿಯುಂಟು; ಅದೂ ಬದಲಾಗುತ್ತಿರುವುದು. 1970ರಲ್ಲಿ ಅಮೆರಿಕದ ಸಂಯುಕ್ತ ಸಂಸ್ಥಾನದಲ್ಲಿ ನಡೆದುದನ್ನು ಇಲ್ಲಿ ನೆನೆಯುವುದು ಯುಕ್ತ. ಅಲ್ಲಿ ಬಿತ್ತಿದ್ದ ಮುಸುಕಿನ ಜೋಳದಲ್ಲಿ ನಾಲ್ಕರಲ್ಲಿ ಮೂರು ಪಾಲಿಗಿಂತ ಹೆಚ್ಚಿನದು ತಾಯಿಯ ಕಡೆಯಿಂದ ಒಂದೇ ಬಗೆಯ ಅಂಶವನ್ನು ಪಡೆದಿದ್ದಿತು. ಆ ಅಂಶವನ್ನೇ ಹುಡುಕಿ ಬೀಳುವ ಎಲೆಯ ಅಂಗಮಾರಿ ರೋಗವೊಂದು ತಲೆಯೆತ್ತಿ, ಒಂದೇ ಬೇಸಗೆಯಲ್ಲಿ ದೇಶದ ಫಸಲಿನಲ್ಲಿ ಸುಮಾರು ನೂರಕ್ಕೆ ಹದಿನೈದರಷ್ಟನ್ನು ಹಾಳುಮಾಡಿತು. ಕರ್ಣಾಟಕದಲ್ಲಿ ರಾಗಿ ಬೆಳೆಯುವ ಭೂಮಿಯ ದೊಡ್ಡ ಭಾಗವನ್ನು ಜಿ.ಪಿ.ಯು. 28 ಒಂದೇ ಆಕ್ರಮಿಸಿದೆ, ಎಂ.ಎಲ್. 365 ಅದರ ಹತ್ತಿರದ ಬಂಧು. ಎರಡೂ ಒಳ್ಳೆಯ ತಳಿಗಳೆಂಬುದರಲ್ಲಿ ಸಂದೇಹವಿಲ್ಲ. ಆದರೆ ಇಡೀ ಸೀಮೆಯ ಮುದ್ದೆಯು ಐ.ಇ. 1012 ಎಂಬ ಒಂದು ಮೂಲದ ರೋಗನಿರೋಧಕ ಶಕ್ತಿಯ ಮೇಲೆ ನಿಂತಿರುವುದು ಜಾಣತನದ ಬೇಸಾಯವಲ್ಲ. ಹಿಂದಿನವರು ಹೊಲದಲ್ಲಿ ಅಕ್ಕಡಿ ಸಾಲುಗಳನ್ನು ಹಾಕಿ ಅವರೆ, ತೊಗರಿ, ಹುಚ್ಚೆಳ್ಳುಗಳನ್ನು ಬೆಳೆಯುತ್ತಿದ್ದುದು ರುಚಿಗಾಗಿ ಮಾತ್ರವಲ್ಲ. ಒಂದು ಕೈಕೊಟ್ಟರೆ ಇನ್ನೊಂದು ಉಳಿಯಲೆಂಬುದೇ ಅದರ ಮರ್ಮ. ತಳಿಗಳ ವಿಷಯದಲ್ಲಿಯೂ ಅದೇ ನ್ಯಾಯವು ಸಲ್ಲುವುದು. ನಾಲ್ಕು ಎಕರೆ ರಾಗಿಯುಳ್ಳವನು ಮೂರೂವರೆ ಎಕರೆಯಲ್ಲಿ ಇಲಾಖೆಯ ತಳಿಯನ್ನು ಬಿತ್ತಲಿ. ಉಳಿದರ್ಧದಲ್ಲಿ ಮನೆತನದ ಗಿಡ್ಡರಾಗಿಯೋ ಉಂಡೆರಾಗಿಯೋ ಬಿಳಿರಾಗಿಯೋ ಇರಲಿ. ಅಷ್ಟು ಜಾಗದಲ್ಲಿ ಆಗುವ ನಷ್ಟವು ಒಂದು ಮದುವೆಯ ಊಟದ ಖರ್ಚಿಗೆ ಸಮವಾಗದು.

ಲಿಪಿಯನ್ನು ಓದುವುದಲ್ಲದೆ ಅದನ್ನು ತಿದ್ದುವ ವಿದ್ಯೆಯೂ ಈಗ ಬಂದಿದೆ. ಹೊರಗಿನ ಜೀವಿಯ ವಂಶವಾಹಿಯನ್ನು ಸೇರಿಸದೆ, ಪೈರಿನ ಸ್ವಂತ ಬರಹದಲ್ಲಿಯೇ ಒಂದೆರಡು ಅಕ್ಷರಗಳನ್ನು ಬದಲಾಯಿಸಿದ ಸಸ್ಯಗಳಿಗೆ ಭಾರತ ಸರ್ಕಾರವು 2022ರ ಮಾರ್ಚಿಯಲ್ಲಿ ಕೆಲವು ಕಟ್ಟುಪಾಡುಗಳಿಂದ ವಿನಾಯಿತಿಯನ್ನು ಕೊಟ್ಟಿತು. 2025ನೆಯ ಮೇ 4ರಂದು ಇಂತಹ ಎರಡು ಭತ್ತದ ತಳಿಗಳನ್ನು ಪ್ರಕಟಿಸಿದರು: ಸಾಂಬಾ ಮಸೂರಿಯಿಂದ ಮಾಡಿದ ಕಮಲಾ, ಎಂ.ಟಿ.ಯು. 1010ರಿಂದ ಮಾಡಿದ ಪೂಸಾ ಡಿ.ಎಸ್.ಟಿ. 1. ಕಮಲಾ ತಳಿಯು ಮೂಲಕ್ಕಿಂತ ಸುಮಾರು ಇಪ್ಪತ್ತು ದಿವಸ ಮೊದಲೇ ಬಲಿಯುವುದೆಂದು ಅದನ್ನು ಮಾಡಿದವರು ಹೇಳುವರು. ಹಾಗಾದರೆ ನಾಲೆಯ ಕೊನೆಯ ಗದ್ದೆಗಳವರಿಗೆ ಅದು ದೊಡ್ಡ ಉಪಕಾರವೇ ಸರಿ. ಆದರೆ ಹೇಳಿಕೆಯು ಬೇರೆ, ಹತ್ತಾರು ಊರುಗಳಲ್ಲಿ ಮೂರು ನಾಲ್ಕು ಹಂಗಾಮುಗಳು ಕಂಡ ಅನುಭವವು ಬೇರೆ. ಅಕ್ಷರವನ್ನು ತಿದ್ದುವ ಉಪಕರಣದ ಮುಖ್ಯವಾದ ಪೇಟೆಂಟುಗಳು ವಿದೇಶದವರ ವಶದಲ್ಲಿರುವುದನ್ನೂ ಮರೆಯಬಾರದು. ಹೊಸದೆಂದು ಹೆದರಿ ಬಾಗಿಲು ಹಾಕಿಕೊಳ್ಳುವುದೂ, ಹೊಸದೆಂದು ಕುಣಿದು ಇಡೀ ಬಯಲಿಗೆ ಬಿತ್ತುವುದೂ ಎರಡೂ ಬೇಡ. ಒಂದು ಮಡಿಯಲ್ಲಿ ಹಳೆಯದರ ಮಗ್ಗುಲಲ್ಲಿ ಬಿತ್ತಿ, ಒಂದೇ ಗೊಬ್ಬರ, ಒಂದೇ ನೀರು ಕೊಟ್ಟು, ಕಣದಲ್ಲಿ ತೂಗಿ ನೋಡುವುದು ಭೂಮಾಲೀಕನ ಹಕ್ಕು. ತೂಗಲು ಬಿಡದೆ ಮಾರುವ ಬೀಜವನ್ನು ಕೊಳ್ಳಬೇಕಾದುದಿಲ್ಲ. ಜೀನೋಮ್ ಎಂಬ ಶಬ್ದವನ್ನು ಚೀಲದ ಮೇಲೆ ಅಚ್ಚು ಹಾಕಿದ ಮಾತ್ರಕ್ಕೆ ಬೀಜದ ಗುಣವೇನೂ ಹೆಚ್ಚದು; ಪ್ರಮಾಣಪತ್ರದ ಚೀಟಿಯನ್ನೂ ಮೊಳಕೆಯ ಶತಾಂಶವನ್ನೂ ನೋಡುವ ಹಳೆಯ ಅಭ್ಯಾಸವೇ ಮೇಲು.

ಬೀಜವನ್ನು ಮನೆಯಲ್ಲಿ ಉಳಿಸಿಕೊಳ್ಳುವ ವಿಷಯದಲ್ಲಿ ಧಾನ್ಯ ಧಾನ್ಯಗಳಿಗೂ ಭೇದವುಂಟು. ರಾಗಿ, ಭತ್ತ, ಗೋಧಿಗಳು ಸ್ವಪರಾಗದಿಂದಲೇ ಕಾಳು ಕಟ್ಟುವುದರಿಂದ ಮನೆಯ ಬೀಜವು ಬಹು ಕಾಲ ಕುಲಗೆಡದೆ ನಡೆಯುವುದು. ಜೋಳದಲ್ಲಿ ಅಲ್ಪಸ್ವಲ್ಪ ಬೆರಕೆಯಾಗುವುದು. ಆದರೂ ವಿಜಾಪುರದ ಸೀಮೆಯವರು ಮಾಲದಂಡಿಯ ಬಿಳಿಜೋಳವನ್ನು ತಲೆತಲಾಂತರದಿಂದ ಉಳಿಸಿಕೊಂಡು ಬಂದಿರುವರು. ಸಜ್ಜೆಯೂ ಮುಸುಕಿನ ಜೋಳವೂ ಗಾಳಿಗೆ ಬೆರೆಯುವುವು. ಅಲ್ಲದೆ ಸಂಕರ ಬೀಜದ ಫಸಲಿನಿಂದ ಮರಳಿ ಬಿತ್ತನೆಗೆ ಎತ್ತಿಟ್ಟರೆ ಮರುವರ್ಷ ತೆನೆಗಳು ಒಂದರಂತೆ ಒಂದಿರುವುದಿಲ್ಲ. ಈ ಭೇದವನ್ನು ತಿಳಿಯದೆ, ಮನೆಯ ಬೀಜವೆಲ್ಲವೂ ಒಳ್ಳೆಯದು ಅಥವಾ ಎಲ್ಲವೂ ಕೆಟ್ಟುದು ಎಂದು ವಾದಿಸುವುದರಿಂದ ಪ್ರಯೋಜನವಿಲ್ಲ. ರಾಗಿಯಲ್ಲಾದರೂ ಬೀಜವನ್ನು ಕಣದ ರಾಶಿಯಿಂದ ತೆಗೆಯದೆ, ಕೊಯ್ಲಿಗೆ ಮುಂಚೆ ಹೊಲದಲ್ಲಿ ನಡೆದು, ರೋಗವಿಲ್ಲದ, ಒಂದೇ ಹದಕ್ಕೆ ಬಲಿತ ತೆನೆಗಳನ್ನು ಆರಿಸಿ ಬೇರೆಯಾಗಿ ಬಡಿಯತಕ್ಕದ್ದು. ಹೆಬ್ಬಾಳದಲ್ಲಿ ನಡೆದ ಕೆಲಸವೂ ಮೂಲತಃ ಇದೇ.

ಸರ್ಕಾರದ ಶೀತಲಗೃಹಗಳಲ್ಲಿ ಈ ಬೀಜಗಳನ್ನು ಕಾಪಾಡಿಲ್ಲವೇ ಎಂದು ಕೇಳಬಹುದು. ದೆಹಲಿಯಲ್ಲಿರುವ ರಾಷ್ಟ್ರೀಯ ಸಸ್ಯಸಂಪತ್ತಿನ ಸಂಸ್ಥೆಯಲ್ಲಿಯೂ, ಹೈದರಾಬಾದಿನ ಬಳಿಯ ಇಕ್ರಿಸಾಟ್ ಸಂಸ್ಥೆಯಲ್ಲಿಯೂ, ಬೆಂಗಳೂರಿನಲ್ಲಿಯೂ ಸಾವಿರಾರು ಮಾದರಿಗಳು ಇರುವುದು ನಿಜ. ಆದರೆ ಮಂಜಿಗಿಂತ ತಣ್ಣಗಿರುವ ಪೆಟ್ಟಿಗೆಯಲ್ಲಿ ಮಲಗಿರುವ ಬೀಜವು ಇಟ್ಟ ದಿವಸ ಹೇಗಿದ್ದಿತೋ ಹಾಗೆಯೇ ಇರುವುದು. ಹೊಲದಲ್ಲಿರುವ ಬೀಜವು ಬದಲಾಗುತ್ತಿರುವ ಮಳೆಯನ್ನೂ ಹೊಸ ರೋಗಗಳನ್ನೂ ಕಂಡು ಪಾಠ ಕಲಿಯುತ್ತಿರುವುದು. ಇದಲ್ಲದೆ, ಈ ರಾಗಿಯು ಯಾವ ಮಣ್ಣಿನದು, ಯಾವ ಮಳೆಗೆ ಬಿತ್ತುವರು, ಮುದ್ದೆಗೆ ಮೇಲೋ ಅಂಬಲಿಗೆ ಮೇಲೋ, ಅದರ ಹುಲ್ಲನ್ನು ದನಗಳು ಇಷ್ಟಪಟ್ಟು ತಿನ್ನುವುವೋ ಎಂಬ ಸಂಗತಿಗಳು ಚೀಟಿಯಲ್ಲಿ ಇಲ್ಲದೆ ಬರಿಯ ನಂಬರು ಮಾತ್ರ ಇದ್ದರೆ, ಲಿಪಿಯನ್ನು ಓದಿದವನಿಗೂ ಅರ್ಥವು ಹೊಳೆಯದು. ಆ ಅರ್ಥವು ಊರಿನ ಹಿರಿಯರ ನಾಲಗೆಯ ಮೇಲಿದೆ. ಅವರ ನಂತರ ಎಲ್ಲಿಯೂ ಇರುವುದಿಲ್ಲ.

ಈ ವಿಷಯದಲ್ಲಿ ರೈತನ ಪಕ್ಷಕ್ಕೆ ನಿಂತ ಕಾಯಿದೆಯೊಂದು ಇದ್ದರೂ ಅದನ್ನು ಉಪಯೋಗಿಸಿಕೊಳ್ಳುವವರು ಕಡಿಮೆ. 2001ನೆಯ ಇಸವಿಯ ಸಸ್ಯತಳಿಗಳ ಸಂರಕ್ಷಣೆ ಮತ್ತು ರೈತರ ಹಕ್ಕುಗಳ ಕಾಯಿದೆಯ ಪ್ರಕಾರ, ರೈತನು ತಾನು ಬೆಳೆದ ಬೀಜವನ್ನು ಎತ್ತಿಡಬಹುದು, ಬಿತ್ತಬಹುದು, ಕೊಡಕೊಳ್ಳಬಹುದು, ಮಾರಲೂಬಹುದು; ಸಂರಕ್ಷಿತ ತಳಿಯ ಬೀಜವನ್ನು ಹೆಸರು ಹಾಕಿದ ಪೊಟ್ಟಣದಲ್ಲಿ ಮಾತ್ರ ಮಾರಕೂಡದು. ಕೊಟ್ಟ ಬೀಜವು ಹೇಳಿದಂತೆ ಫಲ ಕೊಡದಿದ್ದರೆ ಪರಿಹಾರವನ್ನು ಕೇಳಬಹುದು. ರೈತರೇ ಉಳಿಸಿಕೊಂಡು ಬಂದ ತಳಿಯನ್ನು ಶುಲ್ಕವಿಲ್ಲದೆ ಅವರ ಹೆಸರಿನಲ್ಲಿಯೇ ನೋಂದಾಯಿಸಬಹುದು. ಮುಂದೆ ಯಾರಾದರೂ ಆ ತಳಿಯ ಗುಣದಿಂದ ಹೊಸ ತಳಿಯನ್ನು ಮಾಡಿ ಲಾಭ ಪಡೆದರೆ, ಮೂಲವನ್ನು ಕಾಪಾಡಿದ ಸಮುದಾಯಕ್ಕೆ ಪಾಲು ಸಲ್ಲಬೇಕೆಂದು ಕಾಯಿದೆಯೇ ಹೇಳುವುದು. ಇಂತಹ ಊರಿನವರಿಗೆ ಕೊಡುವ ಬಹುಮಾನಕ್ಕೆ ಸರ್ಕಾರದವರು ಇಟ್ಟಿರುವ ಹೆಸರಿನಲ್ಲಿಯೂ ಜೀನೋಮ್ ರಕ್ಷಕರೆಂಬ ಮಾತು ಸೇರಿದೆ. ಆದರೆ ಹೆಸರು ದಾಖಲೆಯಲ್ಲಿ ಇಲ್ಲದವನಿಗೆ ಪಾಲು ಬರುವ ದಾರಿಯಿಲ್ಲ. ಧಳಪುಟಿಯವನ್ನು ಉಳಿಸಿದ ರೈತರು ಯಾರೆಂಬುದು ಯಾವ ಪುಸ್ತಕದಲ್ಲಿಯೂ ಇಲ್ಲ.

ಅರ್ಜಿಯಲ್ಲಿ ಈ ತಳಿಯು ಇಂಥ ಊರಿನದೇ ಎಂದು ದೃಢೀಕರಿಸಬೇಕಾದವರಲ್ಲಿ ಪಂಚಾಯತಿಯ ಜೀವವೈವಿಧ್ಯ ಸಮಿತಿಯ ಅಧ್ಯಕ್ಷರೂ ಕಾರ್ಯದರ್ಶಿಗಳೂ ಸೇರಿರುವರು. ಜಿಲ್ಲೆಯ ಕೃಷಿ ಅಧಿಕಾರಿಗಳೂ ದೃಢೀಕರಿಸಬಹುದು. 2002ರ ಜೀವವೈವಿಧ್ಯ ಕಾಯಿದೆಯಂತೆ ರಚಿಸತಕ್ಕ ಈ ಸಮಿತಿಯು ಊರಿನ ಬೀಜ, ದನ, ಗಿಡಮೂಲಿಕೆಗಳ ವಿವರವನ್ನು ಒಂದು ದಾಖಲೆಯ ಪುಸ್ತಕದಲ್ಲಿ ಬರೆದಿಡಬೇಕು. ಊರ ಮುಖಂಡರು ಮಾಡಬೇಕಾದ ಮೊದಲ ಕೆಲಸವೆಂದರೆ ತಮ್ಮ ಪಂಚಾಯತಿಯಲ್ಲಿ ಆ ಪುಸ್ತಕವು ಇದೆಯೇ, ಇದ್ದರೆ ಅದರಲ್ಲಿ ರಾಗಿ, ಜೋಳ, ಸಾವೆ, ನವಣೆ, ಹಾರಕಗಳ ಪುಟಗಳಲ್ಲಿ ಏನು ಬರೆದಿದೆ ಎಂದು ತೆಗೆಸಿ ನೋಡುವುದು. ಕೊಯ್ಲಿನ ಕಾಲವಾದ ಕಾರ್ತಿಕ ಮಾರ್ಗಶಿರಗಳಲ್ಲಿ ಮನೆ ಮನೆಯ ಹೊಲಗಳನ್ನು ಸುತ್ತಿ, ವಯಸ್ಸಾದ ಹೆಂಗಸರನ್ನು ಮುಖ್ಯವಾಗಿ ವಿಚಾರಿಸಿ, ಒಂದೊಂದು ತಳಿಗೂ ಹೆಸರು, ಬಿತ್ತುವ ಮಳೆ, ಬಲಿಯುವ ದಿವಸ, ಬೀಜವನ್ನು ಇಟ್ಟಿರುವ ಮನೆಯ ಯಜಮಾನನ ಅಥವಾ ಯಜಮಾನಿಯ ಹೆಸರು, ಇಷ್ಟನ್ನು ಬರೆಯಿಸಿ, ಸೇರಿನಷ್ಟು ಬೀಜವನ್ನು ಒಣಗಿಸಿ ಎರಡು ಬೇರೆ ಮನೆಗಳಲ್ಲಿ ಇರಿಸತಕ್ಕದ್ದು. ಒಂದು ಮನೆಯಲ್ಲಿ ಇಲಿ ತಿಂದರೂ ಇನ್ನೊಂದರಲ್ಲಿ ಉಳಿಯುವುದು.